ಫೆರೆಟ್ ಉಗುರು ಕತ್ತರಿಸುವಾಗ ರಕ್ತ ಬಂತು, ಈಗ ಕಟರ್ ಹಿಡಿಯಲು ಕೈ ನಡುಗುತ್ತಿದೆ

ಚಿಕ್ಕಿಯ ಅಮ್ಮ:

ಎಲ್ಲರಿಗೂ ನಮಸ್ಕಾರ. ನಮ್ಮ ಮನೆಯಲ್ಲಿ ಒಂದು ಹೆಣ್ಣು ಫೆರೆಟ್ ಇದೆ, ಅದೇ ಮುಂಗುಸಿಯ ಹಾಗೆ ಉದ್ದ ಮೈಯ ಪುಟ್ಟ ಸಾಕುಪ್ರಾಣಿ. ಹೆಸರು ಚಿಕ್ಕಿ, ಒಂದೂವರೆ ವರ್ಷ. ತುಂಬಾ ತುಂಟಿ, ಆದರೆ ಕಚ್ಚುವವಳಲ್ಲ. ಇಷ್ಟು ದಿನ ಅವಳ ಉಗುರು ಕತ್ತರಿಸುತ್ತಿದ್ದದ್ದು ಡಾಕ್ಟರ್. ಆದರೆ ಪ್ರತಿ ಸಲ ಹೋಗಿ ಬರುವಾಗಲೂ ಅವಳು ಬುಟ್ಟಿಯ ಮೂಲೆಯಲ್ಲಿ ಮುದುಡಿಕೊಂಡು ಕೂರುವುದನ್ನು ನೋಡಲಾಗದೆ, ಇನ್ನು ಮನೆಯಲ್ಲೇ ಮಾಡೋಣ ಅಂತ ಹೊರಟೆ.

ಮೊದಲ ಎರಡು ಉಗುರು ಚೆನ್ನಾಗೇ ಆಯಿತು. ಮೂರನೆಯದಕ್ಕೆ ಅವಳು ಕಾಲು ಎಳೆದುಕೊಂಡಳು, ಅದೇ ಹೊತ್ತಿಗೆ ನಾನು ಕಟರ್ ಒತ್ತಿಬಿಟ್ಟೆ. ಅವಳು ಕಿರುಚಿದ ಸದ್ದು ಇನ್ನೂ ಕಿವಿಯಲ್ಲಿದೆ. ರಕ್ತ ಬಂತು. ಬಟ್ಟೆಯಿಂದ ಒತ್ತಿ ಹಿಡಿದೆ, ಒಂದೈದು ನಿಮಿಷಕ್ಕೆ ನಿಂತಿತು. ಮರುದಿನದಿಂದ ಏನೂ ಆಗದವಳ ಹಾಗೆ ಓಡಾಡುತ್ತಿದ್ದಾಳೆ, ಕುಂಟುತ್ತಿಲ್ಲ, ಊತವೂ ಇಲ್ಲ. ಆದರೆ ಕಟರ್ ಕಂಡರೆ ಸೋಫಾ ಕೆಳಗೆ ಸೇರಿಕೊಳ್ಳುತ್ತಾಳೆ. ನನಗೂ ಅಷ್ಟೇ, ಅವಳ ಕಾಲು ಹಿಡಿದರೆ ಬೆವರು ಬರುತ್ತದೆ.

ಹೀಗೆ ಮೂರು ವಾರ ಕಳೆದಿದೆ. ಮುಂಗಾಲಿನ ಉಗುರು ಈಗ ಕೊಕ್ಕೆ ಹಾಗೆ ಬಾಗಿದೆ. ನಿನ್ನೆ ಅವಳು ಮಲಗುವ ತೂಗುಬಟ್ಟೆಯಲ್ಲಿ ಒಂದು ಉಗುರು ಸಿಕ್ಕಿಕೊಂಡು ಒದ್ದಾಡುತ್ತಿದ್ದಳು, ನಾನೇ ಬಿಡಿಸಿದೆ. ಸುಮ್ನೆ ಬಿಡೋಕಾಗಲ್ಲ ಅಂತ ಗೊತ್ತಾಯಿತು. ಎಲ್ಲಿಂದ ಶುರು ಮಾಡಲಿ? ಎಷ್ಟು ಕತ್ತರಿಸಬೇಕು? ಒಬ್ಬಳೇ ಮಾಡಲು ಆಗುತ್ತದಾ? ಅನುಭವ ಇರುವವರು ದಯವಿಟ್ಟು ಬಿಡಿಸಿ ಹೇಳಿ.

ಬಿಲದ ಬಾಗಿಲು:

ಮೊದಲು ಒಂದು ಮಾತು. ನೀವು ಬಟ್ಟೆಯಿಂದ ಒತ್ತಿ ಹಿಡಿದದ್ದು ಸರಿಯಾದ ಕೆಲಸ. ಐದು ನಿಮಿಷಕ್ಕೆ ನಿಂತಿದೆ, ಕುಂಟುತ್ತಿಲ್ಲ ಅಂದರೆ ಆ ಗಾಯದ ಬಗ್ಗೆ ಇನ್ನು ಚಿಂತೆ ಬೇಡ. ಫೆರೆಟ್ ಸಾಕುವ ಬಹಳಷ್ಟು ಜನರಿಗೆ ಒಂದಲ್ಲ ಒಂದು ದಿನ ಹೀಗೆ ಆಗಿಯೇ ಇರುತ್ತದೆ. ನಾನು ಒಂಬತ್ತು ವರ್ಷದಿಂದ ಸಾಕುತ್ತಿದ್ದೇನೆ, ನನ್ನ ಕೈಯಲ್ಲೂ ಮೂರ್ನಾಲ್ಕು ಸಲ ಆಗಿದೆ.

ಈಗ ಉಗುರಿನ ವಿಷಯ. ಬೆಕ್ಕು ಉಗುರನ್ನು ಒಳಗೆ ಎಳೆದುಕೊಳ್ಳುತ್ತದೆ ಅಲ್ವಾ, ಫೆರೆಟ್‌ಗೆ ಅದು ಆಗುವುದಿಲ್ಲ. ಇಪ್ಪತ್ತೂ ಉಗುರು ಯಾವಾಗಲೂ ಹೊರಗೇ ಇರುತ್ತವೆ, ಕಾಲಿಗೆ ಐದೈದು. ಮಣ್ಣು ಕೆದಕುವ ಪ್ರಾಣಿ ಅದು. ಮನೆಯಲ್ಲಿ ನುಣ್ಣನೆ ನೆಲ, ಮೆತ್ತನೆ ಬಟ್ಟೆ, ಹಾಗಾಗಿ ಸವೆಯುವುದಕ್ಕಿಂತ ಬೆಳೆಯುವುದೇ ಜಾಸ್ತಿ. ಅದಕ್ಕೇ ನಾವು ಕತ್ತರಿಸಬೇಕಾಗಿ ಬರುವುದು.

ಉಗುರನ್ನು ಬೆಳಕಿಗೆ ಹಿಡಿದು ನೋಡಿ. ಬುಡದಿಂದ ಒಂದು ಗುಲಾಬಿ ಗೆರೆ ಒಳಗೆ ಹಾದು ಬಂದಿರುತ್ತದೆ. ಅದನ್ನೇ ಕ್ವಿಕ್ ಅನ್ನುವುದು. ರಕ್ತನಾಳ, ನರ ಎರಡೂ ಅಲ್ಲಿರುತ್ತವೆ. ಅದಕ್ಕೆ ತಾಗಿದರೆ ರಕ್ತವೂ ಬರುತ್ತದೆ, ನೋವೂ ಆಗುತ್ತದೆ. ಅದರಾಚೆ ತುದಿಯಲ್ಲಿ ಬಿಳಿಯಾಗಿ ಗಾಜಿನ ಹಾಗೆ ಕಾಣುವುದು ಸತ್ತ ಉಗುರು. ನಮಗೆ ಬೇಕಾದದ್ದು ಅದು ಮಾತ್ರ. ಫೆರೆಟ್‌ಗಳ ಉಗುರು ಹೆಚ್ಚಾಗಿ ತಿಳಿ ಬಣ್ಣದ್ದೇ, ಗೆರೆ ಚೆನ್ನಾಗಿ ಕಾಣುತ್ತದೆ. ಕಾಣದಿದ್ದರೆ ಒದ್ದೆ ಬಟ್ಟೆಯಲ್ಲಿ ಉಗುರು ಒರೆಸಿ, ಹಿಂದಿನಿಂದ ಸಣ್ಣ ಟಾರ್ಚ್ ಹಿಡಿಯಿರಿ.

ಗೆರೆ ಮುಗಿಯುವ ಜಾಗದಿಂದ ಎರಡು ಮಿಲಿಮೀಟರ್‌ನಷ್ಟು ಬಿಟ್ಟು ಕತ್ತರಿಸಿ. ಇನ್ನೂ ಸ್ವಲ್ಪ ತೆಗೆಯಬಹುದಿತ್ತು ಅನ್ನಿಸಿದರೆ ಅಲ್ಲಿಗೇ ನಿಲ್ಲಿಸಿ. ಉಳಿದದ್ದನ್ನು ಮುಂದಿನ ವಾರ ತೆಗೆಯಬಹುದು. ಡಾಕ್ಟರ್ ಕತ್ತರಿಸಿದಷ್ಟು ಚಿಕ್ಕದಾಗಿ ಕಾಣಬೇಕು ಅಂತ ಹೊರಟಾಗಲೇ ಹೆಚ್ಚಾಗಿ ಕೈ ತಪ್ಪುವುದು. ಕತ್ತರಿಸುವ ಕೋನವೂ ಮುಖ್ಯ. ಅದು ನೆಲದ ಮೇಲೆ ನಿಂತಾಗ ಪಾದ ಹೇಗಿರುತ್ತದೋ ಹಾಗೇ ಇಟ್ಟುಕೊಂಡು, ಕತ್ತರಿಸಿದ ಜಾಗ ನೆಲಕ್ಕೆ ಸಮವಾಗಿ ಇರುವಂತೆ ನೋಡಿ. ಓರೆಯಾಗಿ ಕತ್ತರಿಸಿದರೆ ಒಂದು ಚೂಪು ತುದಿ ಉಳಿದು ಬಟ್ಟೆಗೆ ಮತ್ತೆ ಸಿಕ್ಕಿಕೊಳ್ಳುತ್ತದೆ.

ಸಾಧನ ಅಂದರೆ ನಾವು ಬಳಸುವ ನೇಲ್ ಕಟರ್ ಸಾಕು, ಸಣ್ಣದಾಗಿರಲಿ, ಹರಿತವಾಗಿರಲಿ. ಅವಳಿಗೇ ಅಂತ ಒಂದನ್ನು ಬೇರೆ ಇಟ್ಟುಕೊಳ್ಳಿ. ಮೊಂಡಾದ ಕಟರ್ ಕತ್ತರಿಸುವುದಿಲ್ಲ, ಜಜ್ಜುತ್ತದೆ. ಉಗುರು ಉದ್ದಕ್ಕೆ ಸೀಳಿಬಿಡಲೂಬಹುದು. ಬೆಕ್ಕಿನ ಉಗುರಿಗೆ ಸಿಗುವ ಪುಟ್ಟ ಕತ್ತರಿಯೂ ಆಗುತ್ತದೆ. ನಾಯಿಯದ್ದು ದೊಡ್ಡದು, ಎಲ್ಲಿಗೆ ತಾಗುತ್ತಿದೆ ಅಂತ ಕಾಣುವುದಿಲ್ಲ, ಬೇಡ.

ನಿದ್ದೆಪುರಿ:

ಮೇಲಿನವರು ಹೇಳಿದ್ದೆಲ್ಲ ಸರಿ. ನಾನು ಒಬ್ಬಳೇ ಮಾಡುವ ಬಗೆ ಹೇಳುತ್ತೇನೆ, ಏಕೆಂದರೆ ನನ್ನ ಮನೆಯಲ್ಲೂ ಹಿಡಿದುಕೊಳ್ಳಲು ಇನ್ನೊಬ್ಬರಿಲ್ಲ.

ನೆಲದ ಮೇಲೆ ಕುಳಿತುಕೊಳ್ಳಿ. ಕುರ್ಚಿ ಬೇಡ, ಜಾರಿ ಬಿದ್ದರೆ ಎತ್ತರದಿಂದ ಬೀಳುತ್ತದೆ. ಮಡಿಲಲ್ಲಿ ಹಳೆಯ ಟವೆಲ್ ಹಾಸಿ, ಅವಳನ್ನು ಅಂಗಾತ ಮಲಗಿಸಿ, ಹೊಟ್ಟೆಯ ಮೇಲೆ ನಾಲ್ಕೈದು ಹನಿ ಸಾಲ್ಮನ್ ಮೀನಿನ ಎಣ್ಣೆ ಹಾಕಿ. ಅವಳು ತಲೆ ಬಗ್ಗಿಸಿ ಅದನ್ನು ನೆಕ್ಕಲು ಶುರು ಮಾಡುತ್ತಾಳೆ. ಆ ಹೊತ್ತಿಗೆ ನಾಲ್ಕೂ ಕಾಲು ನಿಮ್ಮ ಕಡೆಗೇ ಇರುತ್ತವೆ. ನೆಕ್ಕುತ್ತಿರುವಾಗ ಬೆರಳನ್ನು ಮೃದುವಾಗಿ ಹಿಡಿದು, ಒಂದು ಉಗುರು ಕತ್ತರಿಸಿ, ಒಂದು ಹನಿ ಮತ್ತೆ ಹಾಕಿ. ನೆಕ್ಕುವುದು ನಿಲ್ಲಿಸಿದರೆ ನೀವೂ ನಿಲ್ಲಿಸಿ. ಎಣ್ಣೆ ಸುರಿಯಬೇಡಿ, ಜಾಸ್ತಿಯಾದರೆ ಭೇದಿ ಗ್ಯಾರಂಟಿ.

ಆದರೆ ನಿಮ್ಮ ಚಿಕ್ಕಿಗೆ ಈಗ ಕಟರ್ ಅಂದರೆ ಭಯ. ಆದ್ದರಿಂದ ಇವತ್ತೇ ಕತ್ತರಿಸಲು ಹೋಗಬೇಡಿ. ಒಂದು ವಾರ ಬರೀ ಪರಿಚಯ ಮಾಡಿಸಿ. ಮೊದಲ ಎರಡು ದಿನ ಎಣ್ಣೆ ನೆಕ್ಕಿಸುತ್ತಾ ಪಾದ ಮುಟ್ಟಿ ಬಿಡಿ, ಅಷ್ಟೇ. ಆಮೇಲೆ ಒಂದೊಂದೇ ಬೆರಳು ಹಿಡಿದು, ಉಗುರು ಚೆನ್ನಾಗಿ ಕಾಣುವಂತೆ ಸ್ವಲ್ಪ ಒತ್ತಿ ಬಿಡಿ. ಆಮೇಲೆ ಕಟರ್ ಪಕ್ಕದಲ್ಲಿ ಇಡಿ, ಅವಳು ಮೂಸಲಿ. ಆಮೇಲೆ ಉಗುರಿಗೆ ಬರೀ ತಾಗಿಸಿ ತೆಗೆಯಿರಿ. ಖಾಲಿ ಕಟರ್ ಅನ್ನು ಒಂದೆರಡು ಸಲ ಕಟ್ ಅನ್ನಿಸಿ, ಆ ಸದ್ದಿನ ಜೊತೆಗೇ ಒಂದು ಹನಿ ಕೊಡಿ. ನನ್ನ ಎರಡನೆಯ ಫೆರೆಟ್ ಇನ್ನೊಬ್ಬರ ಮನೆಯಿಂದ ಬಂದದ್ದು, ಕಾಲು ಮುಟ್ಟಿದರೆ ಕಚ್ಚುತ್ತಿದ್ದ. ಅವನಿಗೆ ಒಂದು ವಾರ ಸಾಲಲಿಲ್ಲ, ಒಂದು ತಿಂಗಳೇ ಹಿಡಿಯಿತು. ಈಗ ಕಟರ್ ಡಬ್ಬಿ ತೆರೆದರೆ ಅವನೇ ಓಡಿ ಬಂದು ಮಡಿಲು ಹತ್ತುತ್ತಾನೆ.

ಇನ್ನೊಂದು ದಾರಿ ನಿದ್ದೆ. ಫೆರೆಟ್‌ಗಳು ದಿನಕ್ಕೆ 14ರಿಂದ 18 ಗಂಟೆ ಮಲಗುತ್ತವೆ. ಕೆಲವು ಎಂಥ ಗಾಢ ನಿದ್ದೆಗೆ ಜಾರುತ್ತವೆ ಅಂದರೆ ಎತ್ತಿದರೂ ಒದ್ದೆ ಬಟ್ಟೆಯ ಹಾಗೆ ಜೋತು ಬೀಳುತ್ತವೆ, ಹೊಸಬರು ಸತ್ತೇ ಹೋಯಿತು ಅಂತ ಗಾಬರಿಯಾಗುತ್ತಾರೆ. ಚೆನ್ನಾಗಿ ಆಡಿ, ತಿಂದು, ಸುಸ್ತಾಗಿ ಮಲಗಿದ ಮೇಲೆ ಹೋಗಿ ಒಂದೆರಡು ಉಗುರು ತೆಗೆದು ಬನ್ನಿ. ಮಿಸುಕಾಡಿದರೆ ಬಿಟ್ಟುಬಿಡಿ. ಇಪ್ಪತ್ತನ್ನೂ ಒಂದೇ ದಿನ ಮುಗಿಸಬೇಕು ಅನ್ನುವ ನಿಯಮ ಎಲ್ಲೂ ಇಲ್ಲ.

ಗಟ್ಟಿಹಿಡಿ:

ಎಣ್ಣೆಯ ಉಪಾಯ ಎಲ್ಲ ಫೆರೆಟ್‌ಗೂ ನಡೆಯುವುದಿಲ್ಲ. ನನ್ನದು ಎರಡೇ ಸೆಕೆಂಡಿಗೆ ನೆಕ್ಕಿ ಮುಗಿಸಿ ಹೊರಳಿ ಓಡುತ್ತದೆ. ಹಾಗಿರುವವರಿಗೆ ಕತ್ತಿನ ಹಿಂದಿನ ಸಡಿಲ ಚರ್ಮ ಹಿಡಿಯುವುದೇ ಸರಿ. ತಾಯಿ ಮರಿಯನ್ನು ಬಾಯಲ್ಲಿ ಎತ್ತುವ ಜಾಗ ಅದು. ಪೂರ್ತಿ ಅಂಗೈಯಿಂದ ಹಿಡಿದರೆ ಮೈ ಸಡಿಲ ಬಿಟ್ಟು ದೊಡ್ಡದಾಗಿ ಆಕಳಿಸುತ್ತವೆ. ಡಾಕ್ಟರುಗಳೂ ಪರೀಕ್ಷೆ ಮಾಡುವಾಗ, ಲಸಿಕೆ ಕೊಡುವಾಗ ಹಾಗೇ ಹಿಡಿಯುತ್ತಾರೆ. ಇದಕ್ಕೆ ಇಬ್ಬರಿದ್ದರೆ ಒಳ್ಳೆಯದು, ಒಬ್ಬರು ಹಿಡಿದುಕೊಳ್ಳಬೇಕು, ಒಬ್ಬರು ಕತ್ತರಿಸಬೇಕು.

ನಿದ್ದೆಪುರಿ:

ಗಟ್ಟಿಹಿಡಿ ಅವರೇ, ಹೆದರಿರುವ ಪ್ರಾಣಿಗೆ ಮೊದಲೇ ಅದನ್ನು ಮಾಡಿದರೆ ಕಟರ್ ಜೊತೆಗೆ ಕೈಗೂ ಹೆದರುವುದನ್ನು ಕಲಿಯುತ್ತದೆ ಅನ್ನುವುದು ನನ್ನ ಅನುಭವ. ಬೇರೆ ದಾರಿ ಸೋತ ಮೇಲೆ ಮಾತ್ರ ನಾನು ಹಾಗೆ ಹಿಡಿಯುತ್ತೇನೆ.

ಗಟ್ಟಿಹಿಡಿ:

ಒಪ್ಪುತ್ತೇನೆ. ಚಿಕ್ಕಿಗೆ ಮೊದಲು ನೀವು ಹೇಳಿದ ದಾರಿಯೇ ಇರಲಿ. ಆದರೆ ಹಿಡಿಯಬೇಕಾಗಿ ಬಂದರೆ ತಪ್ಪಾಗಿ ಹಿಡಿಯಬಾರದು ಅಂತ ಬರೆಯುತ್ತಿದ್ದೇನೆ. ಗಾಳಿಯಲ್ಲಿ ತೂಗಾಡಿಸಬೇಡಿ. ಹಿಂಭಾಗಕ್ಕೆ ಇನ್ನೊಂದು ಕೈ ಕೊಡಿ, ಇಲ್ಲವೇ ಮಡಿಲ ಮೇಲೆ ಕೂರಿಸಿಯೇ ಹಿಡಿಯಿರಿ, ಪೂರ್ತಿ ಭಾರ ಕತ್ತಿನ ಚರ್ಮದ ಮೇಲೆ ಬೀಳಬಾರದು. ಉಗುರಿನಿಂದ ಚಿವುಟಿದ ಹಾಗೆ ಹಿಡಿಯಬೇಡಿ. ಒಂದು ನಿಮಿಷದೊಳಗೆ ಬಿಟ್ಟು, ಸುಧಾರಿಸಿಕೊಳ್ಳಲು ಬಿಡಿ. ಹೃದಯದ ಕಾಯಿಲೆ, ಉಸಿರಾಟದ ತೊಂದರೆ ಇರುವ ಫೆರೆಟ್ ಆದರೆ ಡಾಕ್ಟರ್ ಕೇಳದೆ ಇದಕ್ಕೆ ಕೈ ಹಾಕಬೇಡಿ. ಕಚ್ಚಿದರೂ ಹೊಡೆಯುವುದು, ಬೈಯುವುದು ಬೇಡವೇ ಬೇಡ. ಹೆದರಿಕೆಯಿಂದ ಕಚ್ಚಿದ್ದಕ್ಕೆ ಇನ್ನಷ್ಟು ಹೆದರಿಸಿದಂತಾಗುತ್ತದೆ.

ಹಿರಿಯ ಫೆರೆಟ್ ಮನೆ:

ಎಣ್ಣೆ, ತಿಂಡಿ ಅಂತ ಮಾತು ಬಂದದ್ದಕ್ಕೆ ಬರೆಯುತ್ತಿದ್ದೇನೆ. ನಾನು ಇದರಲ್ಲಿ ಒಂದು ಜೀವ ಕಳೆದುಕೊಂಡಿದ್ದೇನೆ.

ಉಗುರು ಕತ್ತರಿಸುವಾಗ ನಾನು ಕೊಡುತ್ತಿದ್ದದ್ದು ಸಿಹಿ ಪೇಸ್ಟ್, ಒಣದ್ರಾಕ್ಷಿ. ಇಷ್ಟಪಟ್ಟು ತಿನ್ನುತ್ತಿತ್ತು, ನಾನೂ ಖುಷಿಯಿಂದ ಕೊಟ್ಟೆ. ನಾಲ್ಕನೆಯ ವರ್ಷಕ್ಕೆ ಇನ್ಸುಲಿನೋಮಾ ಅಂತ ಗೊತ್ತಾಯಿತು. ಮೇದೋಜೀರಕದಲ್ಲಿ ಗಡ್ಡೆ ಬೆಳೆದು ಇನ್ಸುಲಿನ್ ಮಿತಿ ಮೀರಿ ಬರುತ್ತದೆ, ರಕ್ತದಲ್ಲಿ ಸಕ್ಕರೆ ಕುಸಿಯುತ್ತದೆ. ಮೂರು ವರ್ಷ ದಾಟಿದ ಫೆರೆಟ್‌ಗಳಲ್ಲಿ ಬಹಳ ಸಾಮಾನ್ಯವಾದ ಕಾಯಿಲೆ ಇದು. ನಾನು ಕೊಟ್ಟ ಸಿಹಿಯಿಂದಲೇ ಬಂತು ಅಂತ ಹೇಳುತ್ತಿಲ್ಲ. ಆದರೆ ಫೆರೆಟ್ ಬರೀ ಮಾಂಸ ತಿಂದು ಬದುಕಲು ಹುಟ್ಟಿದ ಪ್ರಾಣಿ, ಸಕ್ಕರೆ ಅದಕ್ಕೆ ಬೇಕಿಲ್ಲ. ಕಾಯಿಲೆ ಇದ್ದ ಫೆರೆಟ್‌ಗಂತೂ ಸಿಹಿ ಕೊಟ್ಟರೆ ಸಕ್ಕರೆ ಒಮ್ಮೆ ಏರಿ, ಆಮೇಲೆ ಇನ್ನೂ ಕೆಳಕ್ಕೆ ಬೀಳುತ್ತದೆ. ಹಾಗಾಗಿ ಡಬ್ಬಿಯ ಮೇಲೆ ಬರೆದಿರುವುದನ್ನು ಓದಿ. ಸಕ್ಕರೆ, ಜೇನು, ಸಿರಪ್, ಹಣ್ಣು ಇದ್ದರೆ ಬೇಡ. ಸಾಲ್ಮನ್ ಎಣ್ಣೆ ಇಷ್ಟವಾಗದಿದ್ದರೆ ಬೇಯಿಸಿ ನುಣ್ಣಗೆ ರುಬ್ಬಿದ ಕೋಳಿ ಮಾಂಸ ಚಮಚದಲ್ಲಿ ನೆಕ್ಕಿಸಿ, ಉಪ್ಪು, ಈರುಳ್ಳಿ ಏನೂ ಸೇರಿಸಬೇಡಿ. ಈರುಳ್ಳಿ ಅವಕ್ಕೆ ವಿಷ.

ಇನ್ನು ನಿದ್ದೆಯಲ್ಲಿ ಕತ್ತರಿಸುವ ವಿಷಯ. ಗಾಢ ನಿದ್ದೆ ಸಹಜವೇ. ಆದರೆ ವಯಸ್ಸಾದ ಫೆರೆಟ್ ಎಬ್ಬಿಸಿದರೂ ಬಹಳ ಹೊತ್ತು ಮಂಕಾಗಿದ್ದರೆ, ಜೊಲ್ಲು ಸುರಿಸುತ್ತಿದ್ದರೆ, ಬಾಯಿಯನ್ನು ಮುಂಗಾಲಿನಿಂದ ಕೆರೆದುಕೊಳ್ಳುತ್ತಿದ್ದರೆ, ಹಿಂಗಾಲು ಸೋತ ಹಾಗೆ ಎಳೆಯುತ್ತಿದ್ದರೆ ಅದು ನಿದ್ದೆ ಅಲ್ಲ. ಕಟರ್ ಪಕ್ಕಕ್ಕಿಟ್ಟು ತಕ್ಷಣ ಡಾಕ್ಟರ್ ಹತ್ತಿರ ಹೋಗಿ. ನಾನು ಈ ಲಕ್ಷಣಗಳನ್ನು ಸೋಮಾರಿತನ ಅಂದುಕೊಂಡು ಎರಡು ವಾರ ಕಳೆದಿದ್ದೆ.

ಚಿಕ್ಕಿಯ ಅಮ್ಮ:

ಎಲ್ಲರಿಗೂ ಮನಸಾರೆ ಧನ್ಯವಾದ. ಹಿರಿಯ ಫೆರೆಟ್ ಮನೆಯವರೇ, ಓದಿ ತುಂಬಾ ಬೇಸರವಾಯಿತು. ನಾನು ಕೊಡುತ್ತಿದ್ದ ಪೇಸ್ಟ್ ತೆಗೆದು ನೋಡಿದೆ, ಎರಡನೆಯ ಹೆಸರೇ ಸಿರಪ್ ಅಂತ ಇದೆ. ಇವತ್ತಿನಿಂದ ಬಂದ್.

ಇನ್ನೂ ಮೂರು ಪ್ರಶ್ನೆ. ಒಂದು, ಟಾರ್ಚ್ ಹಿಡಿದು ನೋಡಿದರೆ ಮುಂಗಾಲಿನಲ್ಲಿ ಗುಲಾಬಿ ಗೆರೆ ಬಹಳ ಮುಂದಕ್ಕೆ ಬಂದಿದೆ, ಬಿಳಿ ಭಾಗ ಚೂರೇ ಚೂರು ಇದೆ. ಆದರೂ ಉಗುರು ಉದ್ದವಾಗೇ ಇದೆ. ಏನು ಮಾಡಲಿ? ಎರಡು, ಮತ್ತೆ ರಕ್ತ ಬಂದರೆ ಬಟ್ಟೆ ಬಿಟ್ಟು ಇನ್ನೇನು ಸಿದ್ಧ ಇಟ್ಟುಕೊಳ್ಳಬೇಕು? ಮೂರು, ನಮ್ಮ ಸಂಬಂಧಿಕರೊಬ್ಬರು ಆಪರೇಷನ್ ಮಾಡಿಸಿ ಉಗುರನ್ನೇ ತೆಗೆಸಿಬಿಡು, ತಲೆನೋವು ಇರಲ್ಲ ಅಂದರು. ಹಾಗೂ ಉಂಟಾ?

ಬಿಲದ ಬಾಗಿಲು:

ಮೂರನೆಯದಕ್ಕೆ ಮೊದಲು ಉತ್ತರ. ಬೇಡ. ಆ ಆಪರೇಷನ್‌ನಲ್ಲಿ ಹೋಗುವುದು ಬರೀ ಉಗುರಲ್ಲ. ಉಗುರು ಹುಟ್ಟುವುದು ಬೆರಳಿನ ಕೊನೆಯ ಮೂಳೆಯಿಂದ, ಅದು ಮತ್ತೆ ಬೆಳೆಯಬಾರದು ಅಂದರೆ ಆ ಮೂಳೆಯನ್ನೇ ತೆಗೆಯಬೇಕು. ನಮ್ಮ ಪ್ರತಿ ಬೆರಳನ್ನೂ ಮೇಲಿನ ಗೆಣ್ಣಿಗೆ ಕತ್ತರಿಸಿದ ಹಾಗೆ. ಫೆರೆಟ್ ನಡೆಯುವುದು, ಹತ್ತುವುದು, ಕೆದಕುವುದು, ಜಾರದೆ ನಿಲ್ಲುವುದು ಎಲ್ಲವೂ ಆ ಉಗುರಿನ ಬಲದಿಂದ. ಸಂಬಂಧಿಕರು ಗೊತ್ತಿಲ್ಲದೆ ಹೇಳಿರಬಹುದು, ಅವರಿಗೂ ಇದನ್ನು ಹೇಳಿ.

ಗೆರೆ ಮುಂದಕ್ಕೆ ಬಂದಿರುವುದು ಯಾಕೆ ಅಂದರೆ, ಉಗುರು ಉದ್ದ ಬಿಟ್ಟಷ್ಟೂ ಕ್ವಿಕ್ ಕೂಡ ಅದರ ಜೊತೆ ಬೆಳೆಯುತ್ತದೆ. ಇದಕ್ಕೆ ಇರುವ ದಾರಿ ತಾಳ್ಮೆ ಒಂದೇ. ವಾರಕ್ಕೊಮ್ಮೆ ತುದಿಯ ಬಿಳಿಯನ್ನು ಒಂದು ಅಕ್ಕಿಕಾಳಿನ ಮೂತಿಯಷ್ಟು ತೆಗೆಯುತ್ತಾ ಬನ್ನಿ. ತುದಿ ಹೀಗೆ ಸವೆದಾಗ ಕ್ವಿಕ್ ನಿಧಾನವಾಗಿ ಹಿಂದಕ್ಕೆ ಸರಿಯುತ್ತದೆ. ನನ್ನಲ್ಲಿ ಒಂದಕ್ಕೆ ಸರಿಯಾಗಲು ಎರಡು ತಿಂಗಳು ಹಿಡಿಯಿತು. ಕತ್ತರಿಸಲು ಜಾಗವೇ ಇಲ್ಲ ಅನ್ನಿಸುವ ಉಗುರಿಗೆ ನಮ್ಮ ಉಗುರು ಉಜ್ಜುವ ಫೈಲ್‌ನಿಂದ ನಾಲ್ಕು ಸಲ ಉಜ್ಜಿ ಕೊಕ್ಕೆಯ ಚೂಪು ಮಾತ್ರ ಮುರಿಯಿರಿ, ಬಟ್ಟೆಗೆ ಸಿಕ್ಕುವುದು ಅಷ್ಟಕ್ಕೇ ಎಷ್ಟೋ ಕಮ್ಮಿಯಾಗುತ್ತದೆ. ಒಂದು ಹದಕ್ಕೆ ಬಂದ ಮೇಲೆ ಎರಡು ವಾರಕ್ಕೊಮ್ಮೆ ಸಾಕು. ಹಿಂಗಾಲಿನ ಉಗುರು ಚಿಕ್ಕವು, ಅಲ್ಲಿ ಕ್ವಿಕ್ ತುದಿಗೆ ಹತ್ತಿರ ಇರುತ್ತದೆ. ಮುಂಗಾಲಿನ ಅಳತೆಯಲ್ಲಿ ಅಲ್ಲಿ ಕತ್ತರಿಸಬೇಡಿ.

ಅಷ್ಟರವರೆಗೆ ತೂಗುಬಟ್ಟೆಯನ್ನೂ ಬದಲಾಯಿಸಿ. ಟವೆಲ್ ಹಾಗೆ ಕುಣಿಕೆ ಕುಣಿಕೆಯಾಗಿ ನೇಯ್ದ ಬಟ್ಟೆ, ಉಣ್ಣೆಯ ಹೆಣಿಗೆ, ಎಳೆ ಬಿಟ್ಟ ಕಾರ್ಪೆಟ್, ಇವೆಲ್ಲ ಉಗುರಿಗೆ ಬಲೆ ಇದ್ದಂತೆ. ಗಾಬರಿಯಲ್ಲಿ ಎಳೆದುಕೊಂಡರೆ ಉಗುರು ಬುಡದಿಂದಲೇ ಕಿತ್ತು ಬರಬಹುದು. ಹಾಗಾದರೆ ಮಾತ್ರ ಮನೆಮದ್ದು ಬೇಡ, ಡಾಕ್ಟರ್ ನೋಡಲೇಬೇಕು.

ಹಿರಿಯ ಫೆರೆಟ್ ಮನೆ:

ರಕ್ತದ ಪ್ರಶ್ನೆಗೆ ನಾನು ಹೇಳುತ್ತೇನೆ. ಸ್ಟಿಪ್ಟಿಕ್ ಪೌಡರ್ ಅಂತ ಸಿಗುತ್ತದೆ, ಸಾಕುಪ್ರಾಣಿಗಳ ಉಗುರಿಗೆಂದೇ ಇರುವುದು. ಕತ್ತರಿಸಲು ಕೂರುವ ಮುಂಚೆ ಮುಚ್ಚಳ ತೆರೆದು ಪಕ್ಕದಲ್ಲಿಡಿ. ಒಂದು ಕೈಯಲ್ಲಿ ಒದ್ದಾಡುವ ಫೆರೆಟ್ ಹಿಡಿದು ಇನ್ನೊಂದು ಕೈಯಲ್ಲಿ ಮುಚ್ಚಳ ತಿರುಗಿಸಲು ಆಗುವುದಿಲ್ಲ. ಚಿಟಿಕೆ ಪುಡಿಯನ್ನು ಉಗುರಿನ ತುದಿಗೆ ಒತ್ತಿ ಹಿಡಿಯಿರಿ. ಸ್ವಲ್ಪ ಉರಿಯುತ್ತದೆ, ಅವಳು ಇನ್ನೊಮ್ಮೆ ಕಾಲು ಝಾಡಿಸಬಹುದು, ಅದಕ್ಕೆ ಸಿದ್ಧರಿರಿ. ಪುಡಿ ಉಗುರಿಗೆ ಮಾತ್ರ, ಚರ್ಮ ಹರಿದ ಗಾಯಕ್ಕೆ ಹಾಕಬೇಡಿ. ಅದು ಇಲ್ಲದಿದ್ದರೆ ಕಾರ್ನ್‌ಫ್ಲೋರ್ ಅಥವಾ ಮೈದಾ ಹಿಟ್ಟು ಆಗುತ್ತದೆ, ನಿಧಾನ ಅಷ್ಟೇ. ಹಿಡಿದವರು ನಿಮಿಷಕ್ಕೆ ನಾಲ್ಕು ಸಲ ತೆಗೆದು ನೋಡುತ್ತಾರೆ, ಹೆಪ್ಪುಗಟ್ಟಿದ್ದು ಕಿತ್ತು ಮತ್ತೆ ಸುರಿಯುತ್ತದೆ. ಗಡಿಯಾರ ನೋಡಿ ಪೂರ್ತಿ ಎರಡು ಮೂರು ನಿಮಿಷ ಒತ್ತಿಯೇ ಇರಿ.

ನಿಂತ ಮೇಲೆ ಒಂದೆರಡು ಗಂಟೆ ಮಣ್ಣಿನ ಡಬ್ಬಿ, ಮಲದ ತಟ್ಟೆಯಿಂದ ದೂರ, ಒಗೆದ ಬಟ್ಟೆಯ ಮೇಲೆ ಇರಲಿ. ಹದಿನೈದು ನಿಮಿಷ ಕಳೆದರೂ ರಕ್ತ ನಿಲ್ಲದಿದ್ದರೆ, ಮರುದಿನ ಬೆರಳು ಊದಿದರೆ, ಕೀವು ಕಂಡರೆ, ಕುಂಟಿದರೆ ಡಾಕ್ಟರ್. ನೋವಿಗೆ ಅಂತ ನಮ್ಮ ಮಾತ್ರೆ ಚೂರು ಮಾಡಿ ಕೊಡಲೇಬೇಡಿ. ಪ್ಯಾರಾಸಿಟಮಾಲ್, ಐಬುಪ್ರೊಫೆನ್ ಎರಡೂ ಫೆರೆಟ್‌ಗೆ ಪ್ರಾಣಕ್ಕೇ ಅಪಾಯ.

ಉಗುರು ನೋಡುವಾಗ ಅಂಗಾಲನ್ನೂ ಒಂದು ಕ್ಷಣ ನೋಡಿ. ಪಾದ ಊದಿ ಕೆಂಪಾಗಿ ಹಕ್ಕಳೆ ಕಟ್ಟಿದ್ದರೆ ತುರಿಯ ಹುಳು ಇರಬಹುದು, ಬಿಟ್ಟರೆ ಉಗುರೇ ಉದುರುತ್ತದೆ. ಅಂಗಾಲು ದಪ್ಪವಾಗಿ ಗಡಸಾಗಿ, ಜೊತೆಗೆ ಕಣ್ಣು ಮೂಗು ಸೋರುತ್ತಿದ್ದರೆ ಡಿಸ್ಟೆಂಪರ್ ಇರಬಹುದು. ನಾಯಿಗಳಿಗೆ ಬರುವ ಅದೇ ರೋಗ. ಫೆರೆಟ್‌ಗೆ ಬಂದರೆ ಉಳಿಯುವುದು ತೀರಾ ಕಷ್ಟ, ಲಸಿಕೆ ಹಾಕಿಸಿದ್ದೀರಿ ತಾನೇ?

ಚಿಕ್ಕಿಯ ಅಮ್ಮ:

ಲಸಿಕೆ ಆಗಿದೆ. ಅಂಗಾಲು ಮೆತ್ತಗೆ, ಗುಲಾಬಿಯಾಗಿದೆ, ಈಗಷ್ಟೇ ನೋಡಿ ಬಂದೆ.

ಚಿಕ್ಕಿಯ ಅಮ್ಮ:

ಹನ್ನೊಂದು ದಿನ ಆದ ಮೇಲೆ ಬರೆಯುತ್ತಿದ್ದೇನೆ. ನಿದ್ದೆಪುರಿ ಅವರು ಹೇಳಿದ ಹಾಗೆ ಎಂಟು ದಿನ ಬರೀ ಎಣ್ಣೆ, ಪಾದ, ಕಟರ್ ಸದ್ದು. ಐದನೆಯ ದಿನ ಅವಳು ಕಟರ್ ಮೂಸಿ, ಅದರ ಹಿಡಿಯನ್ನು ಕಚ್ಚಿಕೊಂಡು ಸೋಫಾ ಕೆಳಗೆ ಒಯ್ದು ಬಚ್ಚಿಟ್ಟಳು. ಹುಡುಕಿ ತೆಗೆಯಲು ಅರ್ಧ ಗಂಟೆ ಬೇಕಾಯಿತು, ಆದರೆ ಹೆದರಿ ಓಡುವ ಬದಲು ಅದನ್ನು ಕದ್ದಳಲ್ಲ ಅಂತ ನನಗೆ ಅಳುವೇ ಬಂತು.

ಒಂಬತ್ತನೆಯ ದಿನ ಎಡ ಮುಂಗಾಲಿನ ಎರಡು ಉಗುರು. ಹತ್ತನೆಯ ದಿನ ಅದೇ ಕಾಲಿನ ಉಳಿದ ಮೂರು. ತುದಿಯ ಚೂರು ಮಾತ್ರ ತೆಗೆದೆ, ಕಾಲು ಎಳೆದಾಗ ಕಟರ್ ದೂರ ಮಾಡಿ ಕಾದೆ. ಪುಡಿಯ ಮುಚ್ಚಳ ತೆರೆದೇ ಇಟ್ಟಿದ್ದೆ, ಬೇಕಾಗಲಿಲ್ಲ. ಇವತ್ತು ಬಲಗಾಲು ಅಂದುಕೊಂಡಿದ್ದೆ. ಅವಳಿಗೆ ಆಟದ ಹುಚ್ಚು ಹತ್ತಿತ್ತು, ಎರಡು ಹನಿ ನೆಕ್ಕಿ ಹೊರಳಿ ಓಡಿದಳು. ಬಿಟ್ಟೆ. ಈಗ ಹೊಸ ತೂಗುಬಟ್ಟೆಯಲ್ಲಿ ಮಲಗಿದ್ದಾಳೆ, ಬಲಗಾಲು ಹೊರಗೆ ಜೋತು ಬಿದ್ದಿದೆ. ಇನ್ನೊಂದು ಹತ್ತು ನಿಮಿಷ ಬಿಟ್ಟು ಟಾರ್ಚ್ ಹಿಡಿದು ಹೋಗುತ್ತೇನೆ.